ಸಭ್ಯ ಮನುಷ್ಯನ ಮುಖ: ನಟ ಗಿರೀಶ ಕಾರ್ನಾಡರನ್ನು ಓದುವ ಒಂದು ಪ್ರಯತ್ನ

(ಆನ್‌ಲೈನ್ ವಿಚಾರಗೋಷ್ಠಿಯಲ್ಲಿ ಸಾಂಗ್ಲಿವಾಡಿಯಿಂದ ಮಂಡಿಸಿದ ಉಪನ್ಯಾಸದ ಬರಹರೂಪ. ಮಾತಿನ ಧಾಟಿಯನ್ನು ಆದಷ್ಟು ಹಾಗೆಯೇ ಇರಿಸಿಕೊಳ್ಳಲಾಗಿದೆ. ಕೊನೆಗೆ ಚರ್ಚೆಯ ಆಯ್ದ ಭಾಗವಿದೆ.)

ಧ್ವನಿ ಸರಿಯಾಗಿ ಕೇಳಿಸ್ತಾ ಇದೆ ಅಂದುಕೊಂಡು ಶುರು ಮಾಡ್ತೀನಿ. ಮಿರಜ್, ಜತ್ತ, ಅಥಣಿ, ಬೆಳಗಾವಿ ಕಡೆಯಿಂದ ಸೇರಿಕೊಂಡಿರುವ ಸಹಪಾಠಿಗಳಿಗೂ ಅಧ್ಯಾಪಕರಿಗೂ ವಂದನೆಗಳು.

ಈ ಸರಣಿಯ ವಿಷಯ ‘ಸಣ್ಣ ಭಾಷೆಯ ನಟ, ದೊಡ್ಡ ಭಾಷೆಯ ಸಿನಿಮಾ’. ನಾನು ಆರಿಸಿಕೊಂಡಿರೋದು ಗಿರೀಶ ಕಾರ್ನಾಡರನ್ನ. ಅವರ ಬಗ್ಗೆ ಹೇಳುವಾಗ ನಮ್ಮಲ್ಲಿ ಒಂದು ಸಿದ್ಧ ವಾಕ್ಯ ಇದೆ. ನಾಟಕಕಾರ, ನಿರ್ದೇಶಕ, ಚಿಂತಕ, ಜ್ಞಾನಪೀಠ ಪುರಸ್ಕೃತ, ಕೊನೆಗೆ ‘ನಟರೂ ಹೌದು’. ಆ ‘ಊ’ಕಾರದ ಬಗ್ಗೆಯೇ ಇವತ್ತಿನ ನನ್ನ ಮಾತು. 1970ರಿಂದ ಸುಮಾರು ಐದು ದಶಕ ಕನ್ನಡ, ಹಿಂದಿ, ಮರಾಠಿ, ತೆಲುಗು, ತಮಿಳು ಚಿತ್ರಗಳಲ್ಲಿ ದುಡಿದ ಒಬ್ಬ ನಟನನ್ನು ನಾವು ಅಡಿಟಿಪ್ಪಣಿಯಲ್ಲಿ ಇಟ್ಟಿದ್ದೇವೆ. ಅವರು ಹೊಟ್ಟೆಪಾಡಿಗೆ ನಟಿಸಿದರು, ಬರೆಯೋದೇ ಅವರ ನಿಜವಾದ ಕೆಲಸ ಅಂತ ಹೇಳಿ ಮುಗಿಸಿಬಿಡ್ತೇವೆ. ಇದಕ್ಕೆ ಸ್ವತಃ ಕಾರ್ನಾಡರ ಮಾತುಗಳ ಬೆಂಬಲವೂ ಇದೆ. ಆದರೆ ನಟನೊಬ್ಬ ತನ್ನ ನಟನೆಯ ಬಗ್ಗೆ ಏನು ಹೇಳಿದ ಅನ್ನೋದು ಒಂದು, ತೆರೆಯ ಮೇಲೆ ಏನು ಉಳಿದಿದೆ ಅನ್ನೋದು ಇನ್ನೊಂದು. ನಾವು ನೋಡಬೇಕಾದ್ದು ಎರಡನೆಯದನ್ನ.

ನನ್ನ ವಾದ ಸರಳವಾಗಿದೆ. ಕಾರ್ನಾಡರ ಪಾತ್ರಗಳನ್ನು ಒಟ್ಟಿಗೆ ಇಟ್ಟು ನೋಡಿದರೆ ಅಲ್ಲಿ ಒಬ್ಬನೇ ಮನುಷ್ಯ ಮತ್ತೆ ಮತ್ತೆ ಕಾಣಿಸ್ತಾನೆ. ಓದಿದವ, ಮೃದುಭಾಷಿ, ಒಳ್ಳೆಯ ಉದ್ದೇಶದವ, ಸಭ್ಯ. ಮೊದಲ ಅರ್ಧದಲ್ಲಿ ಅವನ ಸಭ್ಯತೆ ಸಾಕಾಗೋದಿಲ್ಲ. ಎರಡನೇ ಅರ್ಧದಲ್ಲಿ ಅದೇ ಸಭ್ಯತೆ ಅಧಿಕಾರದ ಉಡುಪಾಗ್ತದೆ. ಹಾಗಾಗಿ ‘ಮೊದಲು ಕಲಾತ್ಮಕ ಚಿತ್ರ, ಆಮೇಲೆ ದುಡ್ಡಿನ ಚಿತ್ರ’ ಅಂತ ಈ ವೃತ್ತಿಜೀವನವನ್ನು ಎರಡು ತುಂಡು ಮಾಡೋದು ಸರಿಯಲ್ಲ. ಎರಡೂ ಕಡೆ ಇರೋದು ಒಂದೇ ಮುಖ.

1. ಇಲ್ಲಿಂದ ಯಾಕೆ ಕಾರ್ನಾಡ

ಸಾಂಗ್ಲಿಯನ್ನು ಮರಾಠಿಯವರು ನಾಟ್ಯಪಂಢರಿ ಅಂತಾರೆ. 1843ರಲ್ಲಿ ವಿಷ್ಣುದಾಸ ಭಾವೆ ಇಲ್ಲಿ ‘ಸೀತಾ ಸ್ವಯಂವರ’ ಆಡಿಸಿದರು. ಮರಾಠಿ ರಂಗಭೂಮಿಯ ಆರಂಭವನ್ನು ಅಲ್ಲಿಂದ ಎಣಿಸೋದು ರೂಢಿ. ಅದಕ್ಕೆ ಪ್ರೇರಣೆ ಕರ್ನಾಟಕದಿಂದ ಬಂದ ಭಾಗವತ ಮೇಳದ ಆಟ. ಅದನ್ನು ನೋಡಿ ಮೆಚ್ಚಿದ ಸಂಸ್ಥಾನಿಕ ಚಿಂತಾಮಣರಾವ ಪಟವರ್ಧನರು ಅಂಥದ್ದೇ ಒಂದನ್ನು ಮರಾಠಿಯಲ್ಲಿ ಮಾಡು ಅಂತ ಭಾವೆಯವರಿಗೆ ಹೇಳಿದರು. ಇನ್ನು ಸಿನಿಮಾಕ್ಕೆ ಬಂದರೆ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ 1934ರಲ್ಲಿ ತೆರೆಗೆ ಬಂತು, ಅದರ ಚಿತ್ರೀಕರಣ ನಡೆದದ್ದು ನಮ್ಮ ಪಕ್ಕದ ಕೊಲ್ಹಾಪುರದ ಛತ್ರಪತಿ ಸಿನಿಟೋನ್‌ನಲ್ಲಿ. ಅಂದರೆ ನಾವು ಕೂತಿರುವ ಈ ಪ್ರದೇಶದಲ್ಲಿ ಕನ್ನಡದ ಆಟ ನೋಡಿ ಮರಾಠಿ ನಾಟಕ ಹುಟ್ಟಿತು, ಮರಾಠಿಯವರ ಸ್ಟುಡಿಯೋದಲ್ಲಿ ಕನ್ನಡ ಸಿನಿಮಾ ಮಾತು ಕಲಿತಿತು.

ಕಾರ್ನಾಡರು ಇಂಥ ಬೆರಕೆಯಲ್ಲೇ ಬೆಳೆದವರು. 1938ರ ಮೇ 19ರಂದು ಮಾಥೇರಾನದಲ್ಲಿ ಹುಟ್ಟಿದರು. ಮನೆಮಾತು ಕೊಂಕಣಿ. ಬಾಲ್ಯ ಶಿರಸಿಯಲ್ಲಿ, ಅಲ್ಲಿ ಯಕ್ಷಗಾನವನ್ನೂ ಕಂಪನಿ ನಾಟಕವನ್ನೂ ನೋಡಿದರು. ಆಮೇಲೆ ಧಾರವಾಡ, ಅಲ್ಲಿಂದ ಆಕ್ಸ್‌ಫರ್ಡ್. ಬರೆದದ್ದು ಕನ್ನಡದಲ್ಲಿ. ಆತ್ಮಕಥೆಗೆ ಇಟ್ಟ ಹೆಸರು ‘ಆಡಾಡತ ಆಯುಷ್ಯ’, ಧಾರವಾಡದ ಆಡುಮಾತಿನಲ್ಲೇ.

ಸರಣಿಯ ವಿಷಯಕ್ಕೆ ಹೊಂದಿಕೆಯಾಗುವ ಒಂದು ಹೋಲಿಕೆ ಹೇಳ್ತೀನಿ. ಕಿರ್ಗಿಜ್ ಸಿನಿಮಾದಲ್ಲಿ ಸುಯಿಮೆನ್‌ಕುಲ್ ಚೊಕ್ಮೊರೊವ್ ಅಂತ ಒಬ್ಬ ನಟ ಇದ್ದರು. 1939ರಲ್ಲಿ ಹುಟ್ಟಿ 1992ರಲ್ಲಿ ತೀರಿಕೊಂಡರು. ಮೂಲತಃ ಚಿತ್ರಕಲಾವಿದ, ನಟನಾಗಿ ಹೆಸರಾದ ಮೇಲೂ ಚಿತ್ರ ಬರೆಯೋದು ಬಿಡಲಿಲ್ಲ. ಕುರೊಸಾವಾ ಸೋವಿಯತ್ ದೇಶಕ್ಕೆ ಹೋಗಿ ‘ಡೆರ್ಸು ಉಜಾಲಾ’ ಮಾಡಿದಾಗ ಅದರಲ್ಲೂ ಇವರಿದ್ದರು. ಕಾರ್ನಾಡರಿಗೂ ಇವರಿಗೂ ಸಂಬಂಧವೇನಿಲ್ಲ. ಆದರೆ ಸಮಸ್ಯೆ ಒಂದೇ. ಬೇರೊಂದು ಕಲೆಯಲ್ಲಿ ಬೇರು ಇರುವವನು, ತನ್ನದಲ್ಲದ ದೊಡ್ಡ ಭಾಷೆಯ ಕ್ಯಾಮೆರಾ ಮುಂದೆ ನಿಂತಾಗ, ಅವನ ‘ಹೊರಗಿನತನ’ ಅವನಿಗೆ ತೊಡಕೋ ಬಂಡವಾಳವೋ? ಕಾರ್ನಾಡರ ವಿಷಯದಲ್ಲಿ ಅದು ಬಂಡವಾಳವಾಯಿತು ಅನ್ನೋದು ನನ್ನ ಅನಿಸಿಕೆ.

2. ಪ್ರಾಣೇಶಾಚಾರ್ಯನ ಮೌನ

ಮೊದಲ ಚಿತ್ರ ‘ಸಂಸ್ಕಾರ’, 1970. ಅನಂತಮೂರ್ತಿಯವರ ಕಾದಂಬರಿ, ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನ. ಚಿತ್ರಕಥೆಯೂ ಕಾರ್ನಾಡರದೇ, ಪ್ರಾಣೇಶಾಚಾರ್ಯನ ಪಾತ್ರವೂ ಅವರದೇ. ಮೊದಲು ಸೆನ್ಸಾರ್ ತಡೆಹಿಡಿಯಿತು, ಆಮೇಲೆ ಅದೇ ಚಿತ್ರಕ್ಕೆ ರಾಷ್ಟ್ರಪತಿಗಳ ಸ್ವರ್ಣಕಮಲ ಬಂತು. ಕನ್ನಡಕ್ಕೆ ಅದು ಮೊದಲನೆಯದು.

ಆಗ ಕಾರ್ನಾಡರಿಗೆ ಕ್ಯಾಮೆರಾದ ಅನುಭವ ಇರಲಿಲ್ಲ. ಮದ್ರಾಸಿನಲ್ಲಿ ಪ್ರಕಾಶನ ಸಂಸ್ಥೆಯ ಕೆಲಸ ಮಾಡ್ತಾ ಮದ್ರಾಸ್ ಪ್ಲೇಯರ್ಸ್ ತಂಡದಲ್ಲಿ ಇಂಗ್ಲಿಷ್ ನಾಟಕ ಆಡಿದ್ದರು, ಅಷ್ಟೆ. ಪ್ರಾಣೇಶಾಚಾರ್ಯ ಅಗ್ರಹಾರಕ್ಕೆಲ್ಲ ಧರ್ಮ ಹೇಳುವವನು. ನಾರಣಪ್ಪ ಸತ್ತಾಗ ಶವಸಂಸ್ಕಾರ ಯಾರು ಮಾಡಬೇಕು ಅನ್ನೋ ಪ್ರಶ್ನೆಗೆ ಅವನ ಗ್ರಂಥಗಳಲ್ಲಿ ಉತ್ತರ ಸಿಗೋದಿಲ್ಲ. ಈ ಪಾತ್ರವನ್ನು ಕಂಪನಿ ನಾಟಕದ ನಟರೊಬ್ಬರು ಮಾಡಿದ್ದರೆ ಒಳತೋಟಿಯನ್ನು ಮಾತಿನಲ್ಲಿ, ಹುಬ್ಬಿನಲ್ಲಿ, ಏರುದನಿಯಲ್ಲಿ ತೋರಿಸ್ತಿದ್ದರು. ಕಾರ್ನಾಡರು ಹಾಗೆ ಮಾಡೋದಿಲ್ಲ. ಬೆನ್ನು ನೆಟ್ಟಗೆ, ಮುಖ ಹೆಚ್ಚುಕಡಿಮೆ ಅಲುಗಾಡದು. ಉತ್ತರ ಗೊತ್ತಿರಬೇಕಾದವನಿಗೆ ಉತ್ತರ ಗೊತ್ತಿಲ್ಲ ಅನ್ನೋದು ಆ ಬಿಗುವಿನಲ್ಲೇ ಕಾಣ್ತದೆ. ಕೆಲವರು ಇದನ್ನು ‘ಮರಗಟ್ಟಿದ ನಟನೆ’ ಅಂತಾರೆ. ನನಗೆ ಹಾಗನಿಸೋದಿಲ್ಲ, ಯಾಕಂದ್ರ ಮರಗಟ್ಟಿರೋದು ಆಚಾರ್ಯನೇ. ಅವನ ಪಾಂಡಿತ್ಯ ಅವನ ಮೈಯೊಳಗೆ ಇಳಿದು ಕೂತಿದೆ. ಚಂದ್ರಿ ಅಲುಗಾಡಿಸೋದು ಆ ಮೈಯನ್ನೇ. ಅಗ್ರಹಾರ ಬಿಟ್ಟು ಅಲೆಯುವ ಭಾಗದಲ್ಲಿ ಈ ಬಿಗುವು ಸಡಿಲಾಗ್ತಾ ಹೋಗೋದನ್ನು ನೋಡಬೇಕು.

3. ಮೇಷ್ಟ್ರು ಮತ್ತು ಡಾಕ್ಟರು

1974-75ರಲ್ಲಿ ಕಾರ್ನಾಡರು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ನಿರ್ದೇಶಕರಾಗಿದ್ದರು. ಅದೇ ಹೊತ್ತಿಗೆ ಶ್ಯಾಮ್ ಬೆನೆಗಲ್ಲರ ‘ನಿಶಾಂತ್’ ಬಂತು. ಚಿತ್ರಕಥೆ ವಿಜಯ ತೆಂಡೂಲ್ಕರರದು. ಜಮೀನ್ದಾರನ ತಮ್ಮಂದಿರು ಊರಿನ ಶಾಲಾಮಾಸ್ತರನ ಹೆಂಡತಿಯನ್ನು ಎತ್ತಿಕೊಂಡು ಹೋಗ್ತಾರೆ. ಮಾಸ್ತರ ಪೊಲೀಸರ ಹತ್ತಿರ ಹೋಗ್ತಾನೆ, ಅಧಿಕಾರಿಗಳ ಹತ್ತಿರ ಹೋಗ್ತಾನೆ, ಎಲ್ಲೂ ಬಾಗಿಲು ತೆರೆಯೋದಿಲ್ಲ. ಕಾರ್ನಾಡರು ಇಲ್ಲಿ ಬೇಡುವ ಮನುಷ್ಯನನ್ನು ಆಡಿದ್ದಾರೆ, ಆದರೆ ಬೇಡುವಾಗಲೂ ಅವನು ಅರ್ಜಿಯ ಭಾಷೆ ಬಿಡೋದಿಲ್ಲ. ವ್ಯವಸ್ಥೆ ಅಂತ ಒಂದಿದೆ, ಸರಿಯಾದ ಮಾತಿನಲ್ಲಿ ಹೇಳಿದರೆ ಅದು ಕೇಳಿಸಿಕೊಳ್ತದೆ ಅನ್ನೋ ಓದಿದವನ ನಂಬಿಕೆ ಅದು. ಶಬಾನಾ ಆಜ್ಮಿ ಆಡಿದ ಹೆಂಡತಿ ಸಿಕ್ಕಾಗ ಅವನನ್ನೇ ತರಾಟೆಗೆ ತಗೋತಾಳೆ. ಆ ಹೊತ್ತಿನಲ್ಲಿ ಕಾರ್ನಾಡರು ಮಾಡೋದು ಒಂದೇ ಕೆಲಸ: ಕೇಳಿಸಿಕೊಳ್ಳೋದು. ದೃಶ್ಯವನ್ನು ಪೂರ್ತಿ ಆಕೆಗೆ ಬಿಟ್ಟುಕೊಡ್ತಾರೆ.

ಈ ‘ಬಿಟ್ಟುಕೊಡೋದು’ ಅವರ ನಟನೆಯ ಮುಖ್ಯ ಗುಣ ಅಂತ ನನಗನಿಸ್ತದೆ. ಅದೇ ಚಿತ್ರದಲ್ಲಿ ನಸೀರುದ್ದೀನ್ ಶಾ ಮೊದಲ ದೊಡ್ಡ ಪಾತ್ರ ಮಾಡಿದರು. ಇನ್‌ಸ್ಟಿಟ್ಯೂಟಿನಲ್ಲಿ ವಿದ್ಯಾರ್ಥಿಗಳ ಮುಷ್ಕರ ಆದಾಗ ಕಾರ್ನಾಡರ ವಿರುದ್ಧ ನಿಂತವರಲ್ಲಿ ನಸೀರ್ ಇದ್ದರು. ಅವರ ಹೆಸರನ್ನು ಬೆನೆಗಲ್ಲರಿಗೆ ಸೂಚಿಸಿದ್ದು ಮಾತ್ರ ಕಾರ್ನಾಡರೇ.

ಮುಂದಿನದು ‘ಮಂಥನ್’, 1976. ಇದು ನಮ್ಮ ಜಿಲ್ಲೆಯವರಿಗೆ ಬೇಗ ಅರ್ಥವಾಗುವ ಸಿನಿಮಾ. ಸಹಕಾರಿ ಸಕ್ಕರೆ ಕಾರ್ಖಾನೆ, ಹಾಲಿನ ಸಂಘ, ಅದರ ಚುನಾವಣೆ, ಚುನಾವಣೆಯ ಜಾತಿ ಲೆಕ್ಕ, ಇವೆಲ್ಲ ವಸಂತದಾದಾ ಪಾಟೀಲರ ಸಾಂಗ್ಲಿಗೆ ಹೊಸದಲ್ಲ. ಗುಜರಾತಿನ 5 ಲಕ್ಷ ಹಾಲು ಉತ್ಪಾದಕರು ತಲಾ 2 ರೂಪಾಯಿ ಹಾಕಿ ಮಾಡಿಸಿದ ಚಿತ್ರ ಅದು. 2024ರಲ್ಲಿ ಪುನಶ್ಚೇತನಗೊಂಡ ಪ್ರತಿ ಕಾನ್ ಚಿತ್ರೋತ್ಸವದಲ್ಲಿ ತೆರೆಕಂಡಿತು.

ಪಶುವೈದ್ಯ ಡಾ. ರಾವ್ ರೈಲಿನಿಂದ ಇಳೀತಾನೆ. ಎದುರುಗೊಳ್ಳಲು ಬರಬೇಕಾದವರು ತಡವಾಗಿ ಬರ್ತಾರೆ, ಗಾಡಿ ಸಮಯಕ್ಕೆ ಸರಿಯಾಗಿ ಬಂದದ್ದೇ ತಪ್ಪು ಅನ್ನೋ ಹಾಗೆ. ಹೆಸರಿನಿಂದಲೇ ಅವನು ಹೊರಗಿನವ ಅಂತ ಗೊತ್ತಾಗ್ತದೆ. ಸ್ಮಿತಾ ಪಾಟೀಲ್, ನಸೀರ್ ಅವರ ಹಿಂದಿಗೆ ಗುಜರಾತಿ ಹಳ್ಳಿಯ ಬನಿ ಇದೆ. ರಾವ್‌ನ ಹಿಂದಿ ಆಫೀಸಿನದು. ಇಲ್ಲೇ ಕಾರ್ನಾಡರ ಹೊರಗಿನತನ ಬಂಡವಾಳವಾಗೋದು. ದೆಹಲಿ ಅಥವಾ ಲಖನೌ ಕಡೆಯ ನಟರೊಬ್ಬರು ಆಡಿದ್ದರೆ ಆ ಅಂತರ ಸಹಜವಾಗಿ ಬರ್ತಿರಲಿಲ್ಲ. ಚಿತ್ರದಲ್ಲಿ ಇನ್ನೊಬ್ಬ ಕನ್ನಡಿಗ, ಅನಂತನಾಗ್, ರಾವ್‌ನ ಸಹೋದ್ಯೋಗಿ. ಅವನು ಊರ ಹುಡುಗಿಯ ಜೊತೆ ಸಂಬಂಧ ಮಾಡಿಕೊಂಡಾಗ ರಾವ್ ಅವನನ್ನು ವಾಪಸ್ ಕಳಿಸಿಬಿಡ್ತಾನೆ. ರಾವ್‌ನ ನ್ಯಾಯ ಅಷ್ಟು ಶುದ್ಧ. ಆದರೆ ಬಿಂದುವಿನ ಬಗ್ಗೆ ತನ್ನೊಳಗೇ ಏಳುವ ಭಾವನೆಯನ್ನು ಅವನು ಮಾತಾಡಿ ಒಪ್ಪಿಕೊಳ್ಳೋದೂ ಇಲ್ಲ, ಮುಚ್ಚಿಡೋಕೂ ಆಗೋದಿಲ್ಲ. ಕಾರ್ನಾಡರು ಇದನ್ನು ನೋಟ ತಪ್ಪಿಸುವುದರಲ್ಲೇ ಆಡ್ತಾರೆ. ಕೊನೆಗೆ ಅದೇ ಬಿಂದುವಿನ ಹೆಬ್ಬೆಟ್ಟು ಅವನ ಮೇಲಿನ ಸುಳ್ಳು ಆರೋಪದ ಕೆಳಗೆ ಬೀಳ್ತದೆ. ರಾವ್‌ಗೆ ವರ್ಗವಾಗ್ತದೆ, ಹೊರಡ್ತಾನೆ. ಸಂಘವನ್ನು ಮುಂದೆ ತಗೊಂಡು ಹೋಗೋದು ಭೋಲಾ.

ಗಮನಿಸಿ, ನಾಯಕ ಊರು ಬಿಟ್ಟು ಹೋದ ಮೇಲೇ ಕೆಲಸ ನಿಜವಾಗಿ ಶುರುವಾಗ್ತದೆ. ಈ ಅಂತ್ಯಕ್ಕೆ ಬೇಕಾದದ್ದು ತೆರೆಯನ್ನು ತುಂಬಿಕೊಳ್ಳದ ನಾಯಕ. ದೊಡ್ಡ ತಾರೆಯೊಬ್ಬ ಇದನ್ನು ಮಾಡಿದ್ದರೆ ಅವನು ಹೋಗೋದೇ ದುರಂತ ಆಗ್ತಿತ್ತು. ಭೋಲಾ ಹಿನ್ನೆಲೆಗೆ ಸರೀತಿದ್ದ.

4. ಹೊಸ್ತಿಲ ಒಳಗಿನ ಗಂಡ

1977ರ ‘ಸ್ವಾಮಿ’ಯಲ್ಲಿ ಕಾರ್ನಾಡರು ಗಂಡ ಘನಶ್ಯಾಮ. ಶರತ್‌ಚಂದ್ರರ ಕಥೆ, ಬಾಸು ಚಟರ್ಜಿಯವರ ನಿರ್ದೇಶನ. ಬೇರೆಯವನನ್ನು ಮನಸ್ಸಿನಲ್ಲಿಟ್ಟುಕೊಂಡು ಮದುವೆಯಾಗಿ ಬಂದ ಹೆಂಡತಿಯನ್ನು ಅವನು ಒತ್ತಾಯ ಮಾಡದೆ, ತಾಳ್ಮೆಯಿಂದಲೇ ಗೆಲ್ತಾನೆ. ಸಭ್ಯ ಗಂಡನ ಆದರ್ಶ ರೂಪ. ಪ್ರೇಕ್ಷಕರಿಗೆ ತುಂಬಾ ಹಿಡಿಸಿತು.

ಐದು ವರ್ಷದ ನಂತರ, 1982ರಲ್ಲಿ, ಮರಾಠಿಯ ‘ಉಂಬರಠಾ’. ಶಾಂತಾ ನಿಸಳ ಅವರ ಕಾದಂಬರಿ, ತೆಂಡೂಲ್ಕರರ ಚಿತ್ರಕಥೆ, ಜಬ್ಬಾರ್ ಪಟೇಲರ ನಿರ್ದೇಶನ. ಸಂಗೀತ ಹೃದಯನಾಥ ಮಂಗೇಶಕರರದು. 1930ರ ದಶಕದಲ್ಲಿ ಅವರ ಕುಟುಂಬ ನೆಲೆಸಿದ್ದು ಸಾಂಗ್ಲಿಯಲ್ಲೇ. ಉಂಬರಠಾ ಅಂದರೆ ಹೊಸ್ತಿಲು. ಸ್ಮಿತಾ ಪಾಟೀಲ್ ಆಡಿದ ಸುಲಭಾ ಮನೆ, ಗಂಡ, ಮಗಳನ್ನು ಬಿಟ್ಟು ದೂರದ ಊರಿನ ಮಹಿಳಾಶ್ರಮದ ಅಧೀಕ್ಷಕಿಯಾಗಿ ಹೋಗ್ತಾಳೆ. ಗಂಡ ಸುಭಾಷ್ ವಕೀಲ. ಹೋಗಬೇಡ ಅಂತ ಬಡಿಯುವವನಲ್ಲ, ಕೂಗುವವನಲ್ಲ. ಪ್ರಗತಿಪರ. ಆಕೆ ವಾಪಸ್ ಬರುವಷ್ಟರಲ್ಲಿ ಅವನ ಬದುಕಿನಲ್ಲಿ ಇನ್ನೊಬ್ಬಳಿದ್ದಾಳೆ. ಅದನ್ನು ಅವನು ಅಷ್ಟೇ ಸಭ್ಯವಾಗಿ ಹೇಳ್ತಾನೆ.

‘ಸ್ವಾಮಿ’ಯನ್ನು ನೆನಪಿಟ್ಟುಕೊಂಡು ‘ಉಂಬರಠಾ’ ನೋಡಿದರೆ ಎದೆ ಝಲ್ ಅನ್ನತದ. ಮುಖ ಅದೇ, ತಗ್ಗಿದ ದನಿ ಅದೇ. ಅಲ್ಲಿ ಆ ದನಿ ಹೆಂಡತಿಗೆ ಜಾಗ ಕೊಟ್ಟಿತ್ತು. ಇಲ್ಲಿ ಆಕೆಗೆ ಜಗಳ ಆಡೋಕೂ ಜಾಗ ಇಲ್ಲದ ಹಾಗೆ ಮಾಡ್ತದೆ. ಖಳನ ಹತ್ತಿರ ಜಗಳ ಆಡಬಹುದು, ಸಭ್ಯನ ಹತ್ತಿರ ಹೇಗೆ ಆಡೋದು? ಈ ಪಾತ್ರವನ್ನು ಸ್ವಲ್ಪ ಕೆಟ್ಟವನನ್ನಾಗಿ ಆಡಿದ್ದರೆ ನಮ್ಮ ಸಹಾನುಭೂತಿ ಸಲೀಸಾಗಿ ಸುಲಭಾಳ ಕಡೆ ಹೋಗ್ತಿತ್ತು, ಸಿನಿಮಾ ಸಣ್ಣದಾಗ್ತಿತ್ತು. ಕಾರ್ನಾಡರು ಆ ಸುಲಭದ ದಾರಿ ಹಿಡಿಯೋದಿಲ್ಲ. ಅವರ ವೃತ್ತಿಜೀವನದ ತಿರುವು ಇಲ್ಲಿದೆ ಅಂತ ನಾನು ಗುರುತಿಸ್ತೀನಿ.

5. ಅದೇ ಮುಖ, ಕುರ್ಚಿ ಬೇರೆ

ಇದರ ನಂತರದ ಪಾತ್ರಗಳಲ್ಲಿ ಅಪ್ಪ, ಗುರು, ಅಧಿಕಾರಿ ಹೆಚ್ಚು. ಶಂಕರ್ ನಾಗ್ ಅವರ ‘ಮಾಲ್ಗುಡಿ ಡೇಸ್’ನಲ್ಲಿ ಸ್ವಾಮಿಯ ಅಪ್ಪ, ವಕೀಲ. ಮಗ ಹೆದರುವ ಅಪ್ಪ, ಆದರೆ ನಾವು ಹೆದರೋದಿಲ್ಲ. 1994ರ ತಮಿಳಿನ ‘ಕಾದಲನ್’ನಲ್ಲಿ ರಾಜ್ಯಪಾಲ, ಮಗಳ ಪ್ರೀತಿಯನ್ನು ತುಳಿಯುವವ, ಒಳಗೊಳಗೇ ಬಾಂಬಿನ ಸಂಚು ನಡೆಸುವವ. 2005ರ ‘ಇಕ್ಬಾಲ್’ನಲ್ಲಿ ಕ್ರಿಕೆಟ್ ಅಕಾಡೆಮಿಯ ಗುರೂಜಿ, ಬಡ ಹುಡುಗನನ್ನು ಹೊರಗೆ ಹಾಕ್ತಾನೆ, ಆಮೇಲೆ ಅವನ ಆಟವನ್ನೇ ಕೊಳ್ಳೋಕೆ ಬರ್ತಾನೆ. 2006ರ ‘ಡೋರ್’ನಲ್ಲಿ ರಾಜಸ್ಥಾನದ ಮಾವ; ಹವೇಲಿಯ ಸಾಲ ತೀರಿಸಲು ವಿಧವೆ ಸೊಸೆಯನ್ನು ಇನ್ನೊಬ್ಬನಿಗೆ ಒಪ್ಪಿಸೋಕೆ ತಯಾರಾಗ್ತಾನೆ. 2012ರ ‘ಏಕ್ ಥಾ ಟೈಗರ್’ನಲ್ಲಿ ಬೇಹುಗಾರಿಕೆ ಸಂಸ್ಥೆಯ ಮುಖ್ಯಸ್ಥ ಶೆಣೈ.

ಇವುಗಳಲ್ಲಿ ಕೆಲವು ದುಡ್ಡಿಗಾಗಿ ಮಾಡಿದ್ದು ಅನ್ನೋದರಲ್ಲಿ ಅನುಮಾನ ಬೇಡ. ಆದರೆ ‘ಡೋರ್’ನ ಮಾವನನ್ನು ನೋಡ್ರಿ. ಅವನು ಎಲ್ಲೂ ರಾಕ್ಷಸನಾಗೋದಿಲ್ಲ. ಮನೆತನ, ಮರ್ಯಾದೆ, ಸಾಲ ಅಂತ ಲೆಕ್ಕ ಹಾಕ್ತಾ ಹಾಕ್ತಾ ಅಲ್ಲಿಗೆ ಬಂದು ನಿಂತಿದ್ದಾನೆ. ‘ನಿಶಾಂತ್’ನಲ್ಲಿ ಹೆಂಡತಿಯನ್ನು ಉಳಿಸಿಕೊಳ್ಳಲಾಗದ ಮಾಸ್ತರನ ಮುಖ, ಮೂವತ್ತು ವರ್ಷದ ನಂತರ ಸೊಸೆಯನ್ನು ಮಾರುವ ಮುಖವಾಗಿದೆ. ‘ಇಕ್ಬಾಲ್’ನ ಗುರೂಜಿ ಲಂಚ ಕೊಡುವಾಗಲೂ ಹಿತವಚನ ಹೇಳುವ ಧಾಟಿ ಬಿಡೋದಿಲ್ಲ. ‘ಮಂಥನ್’ನ ರಾವ್ ಇದ್ದದ್ದೂ ಇದೇ ಧಾಟಿಯಲ್ಲಿ.

ನಡುವೆ ಒಂದು ಅಪವಾದ ಇದೆ, ಅದನ್ನು ಬಿಟ್ಟರೆ ವಾದ ಅಪೂರ್ಣ. 1990ರ ‘ಸಂತ ಶಿಶುನಾಳ ಶರೀಫ’, ನಾಗಾಭರಣರದು. ಅದರಲ್ಲಿ ಶ್ರೀಧರ್ ಶರೀಫ, ಕಾರ್ನಾಡರು ಕಳಸದ ಗುರು ಗೋವಿಂದಭಟ್ಟರು. ಮುಸ್ಲಿಂ ಹುಡುಗನನ್ನು ಶಿಷ್ಯ ಅಂತ ಒಪ್ಪಿಕೊಂಡು ತಮ್ಮವರ ಸಿಟ್ಟನ್ನು ಎದುರಿಸಿದ ಬ್ರಾಹ್ಮಣ. ಇಲ್ಲಿ ಬೆನ್ನಿನ ಬಿಗುವು ಮಾಯ. ಪ್ರಾಣೇಶಾಚಾರ್ಯನಿಗೆ ಗ್ರಂಥದಲ್ಲಿ ಸಿಗದ ಉತ್ತರ ಗೋವಿಂದಭಟ್ಟರಿಗೆ ಬೇಕಾಗಿಯೇ ಇಲ್ಲ, ಯಾಕಂದ್ರ ಅವರು ಯಾರನ್ನೂ ಕೇಳ್ತಾ ಕೂತಿಲ್ಲ. ಸಭ್ಯತೆ ಒಮ್ಮೆಯಾದರೂ ಕೃತಿಗೆ ಇಳಿದ ಪಾತ್ರ ಇದು. ನಮ್ಮ ಗಡಿಭಾಗದ ಮಠ-ದರ್ಗಾಗಳ ನಡುವೆ ಬೆಳೆದವರಿಗೆ ಈ ಗುರು ಹೊರಗಿನವನಾಗಿ ಕಾಣೋದೇ ಇಲ್ಲ.

6. ನಾಟಕಕಾರನ ನೆರಳು

ಕೊನೆಯದಾಗಿ ಒಂದು ಮಾತು. ಕಾರ್ನಾಡರ ‘ತುಘಲಕ್’ (1964) ಒಳ್ಳೆಯ ಉದ್ದೇಶ ಹೇಗೆ ರಕ್ತಪಾತಕ್ಕೆ ತಿರುಗ್ತದೆ ಅನ್ನೋ ನಾಟಕ. ‘ತಲೆದಂಡ’ದ ಪ್ರಶ್ನೆಯೂ ಅದರ ನೆಂಟನೇ. ಆ ನಾಟಕಗಳಲ್ಲಿ ಆದರ್ಶವಾದಿಗೆ ದೊಡ್ಡ ಮಾತುಗಳಿವೆ, ರಾಜ್ಯ ಇದೆ, ಇತಿಹಾಸ ಇದೆ. ನಟನಾಗಿ ಅವರಿಗೆ ಸಿಕ್ಕಿದ್ದು ಅದೇ ಪ್ರಶ್ನೆಯ ಸಣ್ಣ ರೂಪ: ಮಾಸ್ತರ, ಡಾಕ್ಟರ, ವಕೀಲ, ಮಾವ. ಸಂಬಳದ ಮೇಲೆ ಬದುಕುವ, ಮನೆ ನಡೆಸುವ ತುಘಲಕರು. ಬರಹದಲ್ಲಿ ಅವರು ರಾಜರ ವೈಫಲ್ಯ ಬರೆದರು, ತೆರೆಯ ಮೇಲೆ ನಮ್ಮಂಥವರ ವೈಫಲ್ಯ ಆಡಿದರು. ಎರಡನ್ನೂ ಜೊತೆಗಿಟ್ಟು ಓದುವ ಅಭ್ಯಾಸ ನಮ್ಮ ಸಂಶೋಧನೆಯಲ್ಲಿ ಬರಬೇಕು.

ಚರ್ಚೆ

ಪ್ರಶ್ನೆ: ಪಾತ್ರಗಳನ್ನು ಆರಿಸೋದು ನಿರ್ದೇಶಕರು. ನೀವು ಹೇಳೋ ‘ಒಂದೇ ಮುಖ’ ನಟನ ಸಾಧನೆಯೋ, ಟೈಪ್‌ಕಾಸ್ಟಿಂಗೋ?

ಉತ್ತರ: ಟೈಪ್‌ಕಾಸ್ಟಿಂಗ್ ಇದ್ದೇ ಇದೆ. ಆದರೆ ಅಚ್ಚಿಗೆ ಹಾಕಿದ ನಟರೆಲ್ಲ ಆ ಅಚ್ಚನ್ನು ಪ್ರಶ್ನೆ ಮಾಡೋದಿಲ್ಲ. ಘನಶ್ಯಾಮನಿಗೂ ಸುಭಾಷನಿಗೂ ನಡುವಿನ ವ್ಯತ್ಯಾಸವನ್ನು ದನಿ ಬದಲಿಸದೆ, ಮುಖ ಬದಲಿಸದೆ ತೋರಿಸಿದ್ದು ನಟನ ಕೆಲಸ. ಅದನ್ನು ನಿರ್ದೇಶಕರ ಖಾತೆಗೆ ಪೂರ್ತಿ ಬರೆಯೋಕೆ ಆಗೋದಿಲ್ಲ.

ಪ್ರಶ್ನೆ: ಈ ‘ಸಭ್ಯ ಮನುಷ್ಯ’ ಹೆಚ್ಚಿನ ಸಲ ಮೇಲ್ಜಾತಿಯವನೇ ಅಲ್ವಾ? ಅವರು ಭೋಲಾನ ಪಾತ್ರ ಮಾಡಬಹುದಿತ್ತೇ?

ಉತ್ತರ: ಇದು ಮುಖ್ಯ ಪ್ರಶ್ನೆ. ಮಾಡೋಕೆ ಆಗ್ತಿರಲಿಲ್ಲ ಅಂತಲೇ ನನಗನಿಸ್ತದೆ. ಅದು ಅವರ ಮಿತಿ. ಉಳುವ, ಹೊರುವ, ಬೆವರುವ ಮೈ ಅವರದಾಗಲಿಲ್ಲ. 1999ರಲ್ಲಿ ತಾವೇ ನಿರ್ದೇಶಿಸಿದ ‘ಕಾನೂರು ಹೆಗ್ಗಡಿತಿ’ಯಲ್ಲಿ ಚಂದ್ರೇಗೌಡನ ಪಾತ್ರ ಮಾಡಿದರು. ಮಲೆನಾಡಿನ ಆ ಒರಟು ಯಜಮಾನನಲ್ಲೂ ಓದಿದ ಮನುಷ್ಯ ಆಗಾಗ ಇಣುಕ್ತಾನೆ. ಆದರೆ ‘ಮಂಥನ್’ ಈ ಮಿತಿಯನ್ನು ಬಲ್ಲ ಸಿನಿಮಾ. ರಾವ್ ಹೊರಟುಹೋಗಬೇಕು, ಆಗ ಮಾತ್ರ ದಲಿತ ಭೋಲಾ ಮುಂದೆ ಬರ್ತಾನೆ. ರಾವ್‌ನ ಪಾತ್ರವನ್ನು ಹೊರಟುಹೋಗುವುದಕ್ಕೆಂದೇ ಆಡಿದ ನಟ ಕಾರ್ನಾಡರು. ಅದಕ್ಕೆ ಬೇಕಾದ ವಿನಯ ಎಲ್ಲ ನಾಯಕನಟರಿಗೆ ಇರೋದಿಲ್ಲ.

ಪ್ರಶ್ನೆ: ಗಡಿಭಾಗದ ವಿದ್ಯಾರ್ಥಿಗಳಾದ ನಮಗೆ ಇದರಿಂದ ಏನು?

ಉತ್ತರ: ನಮ್ಮಲ್ಲಿ ಬಹಳ ಮಂದಿ ಮನೆಯಲ್ಲಿ ಕನ್ನಡ, ಹೊರಗೆ ಮರಾಠಿ, ಪರೀಕ್ಷೆಯಲ್ಲಿ ಇಂಗ್ಲಿಷ್. ಎಲ್ಲಿ ಹೋದರೂ ಸ್ವಲ್ಪ ಸಭ್ಯರಾಗಿ, ದನಿ ತಗ್ಗಿಸಿ ಮಾತಾಡೋದು ನಮಗೆ ರೂಢಿಯಾಗಿಬಿಟ್ಟಿದೆ. ಅದು ಒಳ್ಳೆಯ ಗುಣ ಅಂತ ಮೆಚ್ಚುಗೆಯೂ ಸಿಗ್ತದೆ. ಆ ತಗ್ಗಿದ ದನಿ ಯಾವಾಗ ಇನ್ನೊಬ್ಬರಿಗೆ ಜಾಗ ಕೊಡ್ತದೆ, ಯಾವಾಗ ಇನ್ನೊಬ್ಬರ ಬಾಯಿ ಮುಚ್ಚಿಸ್ತದೆ ಅನ್ನೋದನ್ನ ಈ ಚಿತ್ರಗಳು ತೋರಿಸ್ತವೆ. ಕಾರ್ನಾಡರು 2019ರ ಜೂನ್ 10ರಂದು ತೀರಿಕೊಂಡರು. ನಾಟಕಗಳನ್ನು ನಾವು ಪಠ್ಯದಲ್ಲಿ ಓದ್ತೇವೆ, ಓದಬೇಕು. ಚಿತ್ರಗಳಿಗೆ ಪಠ್ಯದಲ್ಲಿ ಜಾಗ ಸಿಗುವವರೆಗೆ ಕಾಯೋದು ಬೇಡ. ‘ಸ್ವಾಮಿ’ ಮತ್ತು ‘ಉಂಬರಠಾ’ ಎರಡನ್ನೂ ಒಂದೇ ವಾರದಲ್ಲಿ ನೋಡಿ, ಮುಂದಿನ ಗೋಷ್ಠಿಯಲ್ಲಿ ನನ್ನ ಜೊತೆ ಜಗಳಕ್ಕೆ ಬನ್ನಿ.